ಧಾರವಾಡದ ದಾರಿ, ಬಳ್ಳಾರಿಯ ಪ್ರಯೋಗ

‘ಇವನನ್ನು ಧಾರವಾಡಕ್ಕೆ ಕಳಿಸಬೇಕು’ ಎಂದು ನಮ್ಮ ಭಾಗದಲ್ಲಿ ವಿನೋದಕ್ಕಾದರೂ ಆಡದವರು ವಿರಳ. ಆ ವಿನೋದದ ಹಿಂದೆ ದೊಡ್ಡ ಕಷ್ಟವೊಂದು ಅಡಗಿದೆ. ಧಾರವಾಡದ ಮಾನಸಿಕ ಆಸ್ಪತ್ರೆ 1845ರಲ್ಲಿ ಹುಟ್ಟಿದ್ದು. ಜಮಖಂಡಿ, ಮುಧೋಳ ಸಂಸ್ಥಾನಗಳು 1948ರಲ್ಲಿ ವಿಲೀನಗೊಂಡವು. 1997ರಲ್ಲಿ ಬಾಗಲಕೋಟೆ ಜಿಲ್ಲೆಯೂ ಆಯಿತು. ಆದರೆ ಮನೋರೋಗಿಯ ಪಾಲಿನ ದಾರಿ ಬಹುಕಾಲ ಅದೊಂದೇ ಆಗಿತ್ತು.

ಬನಹಟ್ಟಿಯ ಮಗ್ಗದ ಕೆಲಸಗಾರನನ್ನೇ ತೆಗೆದುಕೊಳ್ಳೋಣ. ನೇಯ್ದಷ್ಟಕ್ಕೇ ಅವನ ಕೂಲಿ. ನೂರು ಕಿಲೋಮೀಟರಿಗೂ ದೂರದ ಧಾರವಾಡಕ್ಕೆ ಅವನು ಹೋಗಬೇಕಾದರೆ ಜೊತೆಗೊಬ್ಬರು ಬೇಕು. ಮನೆಯ ಇಬ್ಬರ ದುಡಿಮೆ ನಿಲ್ಲುತ್ತದೆ. ಮನೋರೋಗದ ಔಷಧವನ್ನಾದರೋ ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಗಟ್ಟಲೆ ಸೇವಿಸಬೇಕು. ಗುಳಿಗೆ ಪುಕ್ಕಟೆ ದೊರೆತರೂ ದಾರಿಯ ವೆಚ್ಚವೇ ಅವನನ್ನು ಸೋಲಿಸುತ್ತದೆ. ಹತ್ತಿರದ ದೇವರ ಗುಡಿಗೋ ಮಂತ್ರವಾದಿಯ ಕಟ್ಟೆಗೋ ಹೋಗುವವರನ್ನು ಮೂಢರೆಂದು ಹಳಿಯುವ ಮುನ್ನ ಈ ಲೆಕ್ಕವನ್ನು ನೋಡಬೇಕು. ಕರಾವಳಿಯ ಕೋಟದಲ್ಲಿ ಡಾ. ಆರ್. ಎಲ್. ಕಪೂರ್ ಮತ್ತು ಕಾರ್‌ಸ್ಟೇರ್ಸ್ ನಡೆಸಿ 1976ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿಯೂ ಜನರು ಮಂತ್ರವಾದಿ, ವೈದ್ಯ ಇಬ್ಬರಲ್ಲಿಗೂ ಹೋಗುತ್ತಿದ್ದುದು ಕಂಡುಬಂದಿತು.

ಹಾಗಾದರೆ ಆಸ್ಪತ್ರೆಯೇ ರೋಗಿಯ ಬಳಿಗೆ ಬರಬಾರದೇಕೆ? 1974ರಲ್ಲಿ ರೂಪುಗೊಂಡ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯು ಮರುವರ್ಷವೇ ಸಮುದಾಯ ಮನೋವೈದ್ಯಕೀಯ ವಿಭಾಗವನ್ನು ತೆರೆದು, ಸಮೀಪದ ಸಕಲವಾರದಲ್ಲಿ ಗ್ರಾಮೀಣ ಕೇಂದ್ರವನ್ನು ನಡೆಸಿತು. ಅಲ್ಲಿ ಕಲಿತುದನ್ನು 1985ರಿಂದ ಬಳ್ಳಾರಿ ಜಿಲ್ಲೆಯಲ್ಲಿ ಪರೀಕ್ಷಿಸಲಾಯಿತು. ಹೊಸ ಕಟ್ಟಡಗಳನ್ನು ಕಟ್ಟಲಿಲ್ಲ. ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೇ ಅಲ್ಪಾವಧಿಯ ತರಬೇತಿ ಕೊಟ್ಟರು. ಮನೆಮನೆಗೆ ತಿರುಗುವ ಆರೋಗ್ಯ ಕಾರ್ಯಕರ್ತರಿಗೆ ಚಿತ್ತವಿಕಲತೆ, ಖಿನ್ನತೆ, ಮೂರ್ಛೆರೋಗಗಳ ಲಕ್ಷಣಗಳನ್ನು ಗುರುತಿಸಲು ಕಲಿಸಿದರು. ಬೆರಳೆಣಿಕೆಯ ಅಗ್ಗದ ಔಷಧಗಳನ್ನು ಕೇಂದ್ರದಲ್ಲಿಯೇ ಒದಗಿಸಿದರು. ಕಠಿಣ ರೋಗಿಗಳು ಮಾತ್ರ ಜಿಲ್ಲಾ ಆಸ್ಪತ್ರೆಯ ಮನೋವೈದ್ಯರ ಬಳಿಗೆ. ಚಿಕಿತ್ಸೆ ಅಗ್ಗವಾದುದು ಹೀಗೆ, ದೂರವನ್ನು ಕಳೆದುದರಿಂದ. 1996ರಲ್ಲಿ ಕೇಂದ್ರ ಸರಕಾರವು ಆರಂಭಿಸಿದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಇದೇ ಮಾದರಿಯಾಯಿತು. ನಮ್ಮ ಬಳ್ಳಾರಿಯಿಂದ ದೇಶವೇ ಪಾಠ ಕಲಿತದ್ದು ನಮ್ಮಲ್ಲಿಯೇ ಎಷ್ಟು ಜನರಿಗೆ ಗೊತ್ತು?

ಆದರೆ ಈ ಏರ್ಪಾಡು ನಾಜೂಕಾದುದು. ತರಬೇತಾದ ವೈದ್ಯರ ವರ್ಗವಾದರೆ, ಕಪಾಟಿನ ಗುಳಿಗೆ ಒಂದು ತಿಂಗಳು ತೀರಿದರೆ, ಗುಣಮುಖನಾಗುತ್ತಿದ್ದವನು ಮತ್ತೆ ಹಾಸಿಗೆ ಹಿಡಿಯಬಹುದು. ಮನೋವೈದ್ಯರು ಮಂಗಳವಾರ ತಾಲೂಕು ಆಸ್ಪತ್ರೆಗೆ ಬರುವ ‘ಮನೋಚೈತನ್ಯ’ ಕಾರ್ಯಕ್ರಮವನ್ನು ರಾಜ್ಯ ಸರಕಾರವು 2014ರಲ್ಲಿ ಆರಂಭಿಸಿತು. 2022ರಿಂದ 14416 ಎಂಬ ಉಚಿತ ದೂರವಾಣಿಯೂ ಇದೆ. ಅದಕ್ಕೆ ಬಸ್ಸಿನ ಟಿಕೇಟು ಬೇಕಿಲ್ಲ. ಗುಳಿಗೆಗೆ ಮಾತ್ರ ಇಂದಿಗೂ ಆಸ್ಪತ್ರೆಗೆ ಹೋಗಬೇಕು. ಬೀಳಗಿಯ ಹಳ್ಳಿಯ ಮುದುಕಿಗೆ ಆ ಆಸ್ಪತ್ರೆ ಅರ್ಧ ದಿನದಲ್ಲಿ ಹೋಗಿ ಬರುವಷ್ಟು ಹತ್ತಿರವಿದೆಯೇ ಎಂಬುದನ್ನು ನಮ್ಮ ಸಮಾಜಶಾಸ್ತ್ರದ ವಿದ್ಯಾರ್ಥಿಗಳು ಒಂದು ರಜೆಯಲ್ಲಿ ಊರೂರು ತಿರುಗಿ ಬರೆದು ತರಬಹುದು.