ಸರ್ಕಾರಿ ನೌಕರರ ಅಮಾನತು: ಕಾನೂನಿನ ಮಿತಿಗಳು

ದುರ್ನಡತೆಯ ಆರೋಪದ ವಿಚಾರಣೆ ನಡೆಯುವಾಗ ಅಥವಾ ನಡೆಸಲು ಉದ್ದೇಶಿಸಿರುವಾಗ ನೌಕರನನ್ನು ತಾತ್ಕಾಲಿಕವಾಗಿ ಕರ್ತವ್ಯದಿಂದ ದೂರವಿಡುವ ಕ್ರಮವೇ ಅಮಾನತು. ಇದು ದಂಡನೆಯಲ್ಲವಾದ್ದರಿಂದ, ವಜಾ ಮಾಡುವ ಮುನ್ನ ಸಂವಿಧಾನದ 311(2)ನೇ ವಿಧಿ ಕೊಡುವ ರಕ್ಷಣೆ ಇದಕ್ಕೆ ಅನ್ವಯಿಸುವುದಿಲ್ಲ. ಕೇಂದ್ರ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು, 1965ರ 10ನೇ ನಿಯಮದಂತೆ, 48 ಗಂಟೆ ಮೀರಿ ಬಂಧನದಲ್ಲಿರುವ ನೌಕರನು ಅಮಾನತುಗೊಂಡನೆಂದೇ ಭಾವಿಸಲಾಗುತ್ತದೆ. ಅಮಾನತನ್ನು 90 ದಿನಗಳೊಳಗೆ ಪುನರ್‌ಪರಿಶೀಲಿಸಬೇಕು, ಮುಂದುವರಿಸುವುದಾದರೆ ಒಮ್ಮೆಗೆ 180 ದಿನ ಮೀರಬಾರದು. ಗಡುವಿನೊಳಗೆ ಪರಿಶೀಲನೆ ನಡೆಯದಿದ್ದರೆ ಆದೇಶ ತಾನಾಗಿಯೇ ಅಸಿಂಧುವಾಗುತ್ತದೆಂದು ಸುಪ್ರೀಂ ಕೋರ್ಟ್ ದೀಪಕ್ ಮಾಲಿ ಪ್ರಕರಣದಲ್ಲಿ ಹೇಳಿದೆ.

ಇನ್ನೂ ಹೆಚ್ಚು ಮುಖ್ಯವಾದುದು ಅದೇ ಕೋರ್ಟಿನ 2015ರ ಅಜಯ್ ಕುಮಾರ್ ಚೌಧರಿ ತೀರ್ಪು. ಮೂರು ತಿಂಗಳೊಳಗೆ ದೋಷಾರೋಪಣ ಪಟ್ಟಿಯನ್ನು, ಅಂದರೆ ಆರೋಪಗಳನ್ನು ವಿವರಿಸುವ ಲಿಖಿತ ಪತ್ರವನ್ನು, ಜಾರಿ ಮಾಡದಿದ್ದರೆ ಅಮಾನತು ಅದರಾಚೆಗೆ ಮುಂದುವರಿಯಬಾರದು, ಜಾರಿ ಮಾಡಿದ್ದರೂ ವಿಸ್ತರಣೆಗೆ ಕಾರಣಸಹಿತ ಆದೇಶ ಬೇಕು ಎಂಬುದು ಅದರ ಸಾರ. ಅಲ್ಲಿನ ನೌಕರನಿಗೆ ಆ ವೇಳೆಗೆ ದೋಷಾರೋಪಣ ಪಟ್ಟಿ ಜಾರಿಯಾಗಿದ್ದುದರಿಂದ ತೀರ್ಪಿನ ಲಾಭ ಅವನಿಗೇ ಸಿಗಲಿಲ್ಲವೆಂಬುದು ವಿಪರ್ಯಾಸ.

ಅಮಾನತಿನ ಅವಧಿಯಲ್ಲಿ ಜೀವನಾಧಾರ ಭತ್ಯೆ, ಆರಂಭದಲ್ಲಿ ಅರ್ಧವೇತನ ರಜೆಯ ಸಂಬಳದಷ್ಟು, ಸಲ್ಲಬೇಕು. ಕೋಲಾರ ಚಿನ್ನದ ಗಣಿಯ ಭಾರತ್ ಗೋಲ್ಡ್ ಮೈನ್ಸ್ ಪ್ರಕರಣದಲ್ಲಿ (1999) ಈ ಭತ್ಯೆಯನ್ನೇ ಕೊಡದೆ, ಹಣವಿಲ್ಲದೆ ಹಾಜರಾಗಲಾಗದ ನೌಕರನ ಗೈರಿನಲ್ಲಿ ನಡೆಸಿದ ವಿಚಾರಣೆಯನ್ನು ಸುಪ್ರೀಂ ಕೋರ್ಟ್ ದೋಷಪೂರಿತವೆಂದು ಪರಿಗಣಿಸಿತು.