ಪರದೆಯ ಮೇಲಿನ ಮನೆ ಯಾರದು? ಪ್ರೊಡಕ್ಷನ್ ಡಿಸೈನರ್ ಕೆಲಸದ ಪರಿಚಯ

ಸಿನಿಮಾದಲ್ಲಿ ನಟರನ್ನು ಬಿಟ್ಟು ಕಾಣುವ ಮನೆ, ಬೀದಿ, ಗೋಡೆಯ ಬಣ್ಣ, ಮೇಜಿನ ಮೇಲಿನ ಲೋಟ ಎಲ್ಲವನ್ನೂ ಯಾರೋ ಯೋಚಿಸಿಯೇ ಇಟ್ಟಿರುತ್ತಾರೆ. ಆ ಯೋಚನೆಯ ಹೊಣೆ ಹೊತ್ತವರು ಪ್ರೊಡಕ್ಷನ್ ಡಿಸೈನರ್. ನಮ್ಮಲ್ಲಿ ಬಹಳ ಕಾಲ ಇವರನ್ನು ಕಲಾ ನಿರ್ದೇಶಕರು ಎಂದೇ ಕರೆಯುತ್ತಿದ್ದರು. ಹೊಸ ಹೆಸರು ಬಂದದ್ದು 1939ರ ‘ಗಾನ್ ವಿತ್ ದ ವಿಂಡ್’ ಚಿತ್ರದಿಂದ. ಅದಕ್ಕೆ ದುಡಿದ ವಿಲಿಯಂ ಕ್ಯಾಮರಾನ್ ಮೆನ್ಜೀಸ್ ಅವರಿಗೆ ನಿರ್ಮಾಪಕರು ಈ ಹೆಸರು ಕೊಟ್ಟರು. ‘ಕೆ.ಜಿ.ಎಫ್’ ನೋಡಿದ ನಮಗೆಲ್ಲ ಗಣಿಯ ಕಪ್ಪು ಧೂಳು ನೆನಪಿದೆ. ಅದನ್ನು ರೂಪಿಸಿದ ಶಿವಕುಮಾರ್ ಅವರ ಹೆಸರು ಎಷ್ಟು ಜನರಿಗೆ ಗೊತ್ತು?

ಹೆಸರು ಹೊಸದಾದರೂ ಕೆಲಸ ನಮ್ಮ ಜಿಲ್ಲೆಗೆ ಹಳೆಯದು. 1884ರಲ್ಲಿ ಹುಟ್ಟಿದ ಗುಬ್ಬಿ ನಾಟಕ ಕಂಪನಿ, ವೀರಣ್ಣನವರ ಕಾಲದಲ್ಲಿ ‘ಕುರುಕ್ಷೇತ್ರ’ ನಾಟಕಕ್ಕೆ ನಿಜವಾದ ಆನೆ, ಕುದುರೆಗಳನ್ನೇ ರಂಗದ ಮೇಲೆ ತಂದಿತ್ತು. ಅರಮನೆ, ಕಾಡು, ಬೀದಿಗಳನ್ನು ಬರೆದ ಬಣ್ಣದ ಪರದೆಗಳು ಕನ್ನಡ ಕಂಪನಿಗಳಿಗೆ ಬಂದದ್ದು ಪಾರ್ಸಿ ನಾಟಕ ಮಂಡಳಿಗಳ ಪ್ರಭಾವದಿಂದ. ಆ ಮಂಡಳಿಗಳು ಉರ್ದುವಿನಲ್ಲೂ ಆಡುತ್ತಿದ್ದವು ಎಂದು ಓದಿದಾಗ ನನಗೆ ಖುಷಿಯಾಯಿತು.

ಡಿಸೈನರ್ ಕೆಲಸ ಶುರುವಾಗುವುದು ಚಿತ್ರಕಥೆ ಓದುವುದರಿಂದ. ಯಾವ ದೃಶ್ಯ ಎಲ್ಲಿ, ಯಾವ ವರ್ಷ, ಹಗಲೋ ರಾತ್ರಿಯೋ, ಆ ಮನೆಯವರ ಸಂಪಾದನೆ ಎಷ್ಟು ಎಂದು ಪಟ್ಟಿ ಮಾಡುತ್ತಾರೆ. ಆಮೇಲೆ ರೇಖಾಚಿತ್ರ, ನಕ್ಷೆ, ಸಣ್ಣ ಮಾದರಿ. ಛಾಯಾಗ್ರಾಹಕರ ಜೊತೆ ಕೂತು ಬಣ್ಣ ನಿರ್ಧರಿಸಬೇಕು; ಕ್ಯಾಮೆರಾ ಹಿಂದಕ್ಕೆ ಹೋಗಲು ಯಾವ ಗೋಡೆ ಕಳಚುವಂತಿರಬೇಕು ಎಂಬುದನ್ನೂ ಮೊದಲೇ ಹೇಳಬೇಕು. ಪ್ಲೈವುಡ್, ಪ್ಲಾಸ್ಟರ್ ಆಫ್ ಪ್ಯಾರಿಸ್‌ನಲ್ಲಿ ಗೋಡೆ ಎದ್ದ ಮೇಲೆ ಅದನ್ನು ಹಳೆಯದು ಮಾಡುವ ಕೆಲಸ ಬೇರೆ: ಸ್ವಿಚ್ ಸುತ್ತ ಕೈಯ ಕೊಳೆ, ಒಲೆಯ ಮೇಲೆ ಮಸಿ.

ಕಾಮರ್ಸ್ ವಿದ್ಯಾರ್ಥಿಯ ಕಣ್ಣಿಗೆ ಇದು ವಿಚಿತ್ರ ಆಸ್ತಿ. ಯಂತ್ರಕ್ಕೆ ವರ್ಷ ವರ್ಷ ಸವಕಳಿ ಬರೆಯುತ್ತೇವೆ. ಸೆಟ್‌ನ ಆಯುಸ್ಸು ಕೆಲವೇ ವಾರ, ಉಳಿಯುವುದು ಗುಜರಿ ಬೆಲೆ. ಆದ್ದರಿಂದಲೇ ಕಟ್ಟುವುದೋ, ಇರುವ ಜಾಗವನ್ನೇ ಬದಲಿಸಿಕೊಳ್ಳುವುದೋ ಎಂಬ ಲೆಕ್ಕ ಮೊದಲು ಬರುತ್ತದೆ. ಶಂಕರ್‌ನಾಗ್ ಅವರ ‘ಮಾಲ್ಗುಡಿ ಡೇಸ್’ಗೆ ಕಲಾ ನಿರ್ದೇಶಕ ಜಾನ್ ದೇವರಾಜ್ ಎರಡನೆಯ ದಾರಿ ಹಿಡಿದರು. ಆರ್.ಕೆ. ನಾರಾಯಣ್ ಅವರ ಕಲ್ಪನೆಯ ಊರಾಗಿ ಮಾರ್ಪಟ್ಟದ್ದು ಮಲೆನಾಡಿನ ಆಗುಂಬೆ. ಅರಸಾಳು ರೈಲು ನಿಲ್ದಾಣವೇ ಮಾಲ್ಗುಡಿ ನಿಲ್ದಾಣವಾಯಿತು. ಈಗ ಅಲ್ಲಿ ಮಾಲ್ಗುಡಿ ಹೆಸರಿನ ಮ್ಯೂಸಿಯಂ ಇದೆ.

ನನಗೆ ಮುಖ್ಯ ಅನ್ನಿಸಿದ್ದು ಇನ್ನೊಂದು ವಿಷಯ. ಎಷ್ಟೋ ಸಿನಿಮಾಗಳಲ್ಲಿ ಮುಸ್ಲಿಮರ ಮನೆ ಎಂದರೆ ಹಸಿರು ಗೋಡೆ, ಚಂದ್ರ-ನಕ್ಷತ್ರ, ಜಾಲಿ ಕಿಟಕಿ, ಮೂಲೆಯಲ್ಲೊಂದು ಹುಕ್ಕಾ. ಡಿಸೈನರ್ ಯಾವ ಮನೆಗೂ ಹೋಗಿ ನೋಡದೆ, ಹಿಂದಿನ ಸಿನಿಮಾ ನೋಡಿ ಮಾಡಿದ ಸೆಟ್ ಅದು. ನಮ್ಮನ್ನು ಹತ್ತಿರದಿಂದ ಕಾಣದವರು ಅದನ್ನೇ ನಿಜ ಎಂದುಕೊಳ್ಳುತ್ತಾರೆ.

ಇದಕ್ಕೆ ಉತ್ತರ ಎಂಬಂತೆ ಇರುವುದು ಮೈಸೂರಿನಲ್ಲಿ ಹುಟ್ಟಿದ ಎಂ.ಎಸ್. ಸತ್ಯು ಅವರ ಕೆಲಸ. ಅವರು ಮೊದಲು ಕಲಾ ನಿರ್ದೇಶಕರು. ‘ಹಕೀಕತ್’ (1964) ಚಿತ್ರದ ಕಲಾ ನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದವರು. ದೇಶ ವಿಭಜನೆಯ ನಂತರ ಆಗ್ರಾದ ಒಂದು ಕುಟುಂಬದ ಕಥೆ ಹೇಳುವ ‘ಗರ್ಮ್ ಹವಾ’ವನ್ನು ನಿರ್ದೇಶಿಸುವಾಗ ಸ್ಟುಡಿಯೋ ಅರಮನೆ ಕಟ್ಟಿಸಲಿಲ್ಲ, ಆಗ್ರಾದ ಹಳೆಯ ಹವೇಲಿಯಲ್ಲೇ ಚಿತ್ರೀಕರಿಸಿದರು. ಮನೆ ಬಿಡಬೇಕಾಗಿ ಬಂದಾಗ ದಾದಿ ಸೌದೆ ಕೋಣೆಯಲ್ಲಿ ಅಡಗಿ ಕೂರುತ್ತಾರೆ. ಆ ದೃಶ್ಯ ಮನಸ್ಸಿಗೆ ತಾಕುವುದು ಅಂಗಳ, ಮೆಟ್ಟಿಲು, ಕೋಣೆಗಳನ್ನು ಅಷ್ಟು ಹೊತ್ತಿಗೆ ನಾವೂ ಬಳಸಿದಂತೆ ಆಗಿರುವುದರಿಂದ.

ತುಮಕೂರಿನ ನಮ್ಮಂಥ ಮನೆಯ ಸೆಟ್ ಹಾಕಬೇಕಾದವರು ಬಂದು ನೋಡಲಿ: ಗೋಡೆ ತಿಳಿನೀಲಿ, ಸ್ಟೀಲ್ ಬೀರು, ಅದರ ಮೇಲೆ ಸೂಟ್‌ಕೇಸ್, ಬಾಗಿಲ ಮೇಲೆ ಒಂದು ಆಯತ್, ಪಕ್ಕದಲ್ಲಿ ಅಂಗಡಿಯವರು ಕೊಟ್ಟ ಕನ್ನಡ ಕ್ಯಾಲೆಂಡರ್, ಅದರಲ್ಲಿ ಅಮ್ಮಿ ಗುರುತು ಹಾಕಿದ ಗ್ಯಾಸ್ ಸಿಲಿಂಡರ್ ತಾರೀಖು.