‘ಪಂಡೋರಾ’: ಪದದ ಅರ್ಥ ಮತ್ತು ಮೂಲ

ಆಧುನಿಕ ಕನ್ನಡ ಗದ್ಯದಲ್ಲಿ, ವಿಶೇಷವಾಗಿ ಪತ್ರಿಕಾ ಬರಹದಲ್ಲಿ, ‘ಪಂಡೋರಾ ಪೆಟ್ಟಿಗೆ’ ಎಂಬ ನುಡಿಗಟ್ಟು ಬಳಕೆಯಲ್ಲಿದೆ. ತೆರೆದೊಡನೆ ಅನರ್ಥಗಳ ಸರಣಿಯೇ ಹೊರಬೀಳುವಂಥದು ಎಂಬುದು ಇದರ ಅರ್ಥ. ಇಂಗ್ಲಿಷಿನ ಮೂಲಕ ಬಂದ ಈ ನುಡಿಗಟ್ಟಿನ ಎರಡೂ ಪದಗಳು ಮರುಪರಿಶೀಲನೆಯನ್ನು ಬೇಡುತ್ತವೆ.

ಗ್ರೀಕಿನಲ್ಲಿ ‘ಪಾನ್’ ಎಂದರೆ ಎಲ್ಲ. ‘ದೋರೋನ್’ ಎಂದರೆ ಕೊಡುಗೆ. ಈ ಎರಡನೆಯ ಪದವೂ ಸಂಸ್ಕೃತದ ‘ದಾನ’ವೂ ಒಂದೇ ಇಂಡೋ-ಯುರೋಪಿಯನ್ ಧಾತುವಿನಿಂದ ಬಂದವು. ಆದರೆ ಸಮಾಸವನ್ನು ಬಿಡಿಸುವಲ್ಲಿ ಎರಡು ಮಾರ್ಗಗಳಿವೆ. ಕ್ರಿ.ಪೂ. 700ರ ಸುಮಾರಿನ ಹೆಸಿಯಡ್ ‘ಕೆಲಸಗಳು ಮತ್ತು ದಿನಗಳು’ ಕಾವ್ಯದಲ್ಲಿ, ಒಲಿಂಪಸ್ಸಿನ ದೇವತೆಗಳೆಲ್ಲರೂ ಕೊಡುಗೆಯಿತ್ತುದರಿಂದ ಈ ಹೆಸರು ಬಂತೆನ್ನುತ್ತಾನೆ. ಪ್ರೊಮೀಥ್ಯೂಸನು ಬೆಂಕಿ ಕದ್ದುದಕ್ಕೆ ಪ್ರತೀಕಾರವಾಗಿ ಝ್ಯೂಸ್ ಮಾಡಿಸಿದ ಹೆಣ್ಣು ಆಕೆ. ಅದೇ ಕವಿಯ ‘ಥಿಯೊಗೊನಿ’ಯಲ್ಲಿ ಆಕೆಗೆ ಹೆಸರೇ ಇಲ್ಲ.

ಭಿನ್ನವಾದ ಸಾಕ್ಷ್ಯವೂ ಉಂಟು. ಅರಿಸ್ಟೋಫನೀಸನ ‘ಹಕ್ಕಿಗಳು’ ನಾಟಕದಲ್ಲಿ ಪಂಡೋರಾಳಿಗೆ ಟಗರನ್ನು ಬಲಿಕೊಡುವ ಮಾತು ಬರುತ್ತದೆ. ಬದುಕಿಗೆ ಬೇಕಾದುದೆಲ್ಲವನ್ನೂ ನೀಡುವ ಭೂಮಿಯೇ ಈ ಪಂಡೋರಾ ಎಂಬುದು ಪ್ರಾಚೀನ ಟಿಪ್ಪಣಿಯ ವಿವರಣೆ. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಕ್ರಿ.ಪೂ. 5ನೆಯ ಶತಮಾನದ ಬಟ್ಟಲೊಂದರಲ್ಲಿ, ಅಥೀನಾ ಮತ್ತು ಹೆಫೇಸ್ಟಸ್ ನಡುವೆ ನಿಂತ ಇದೇ ಹೆಣ್ಣಿನ ಹೆಸರು ‘ಅನೆಸಿದೋರಾ’, ಎಂದರೆ ಕೊಡುಗೆಗಳನ್ನು ಮೇಲಕ್ಕೆ ಕಳಿಸುವವಳು. ಕೊಡುವ ಭೂದೇವತೆಯೇ ಹೆಸಿಯಡ್‌ನಲ್ಲಿ ಕೇಡು ತರುವ ಹೆಣ್ಣಾಗಿ ಮಾರ್ಪಟ್ಟಳೆಂದು ಜೇನ್ ಹ್ಯಾರಿಸನ್ 1903ರಲ್ಲಿ ವಾದಿಸಿದರು.

ಇನ್ನು ‘ಪೆಟ್ಟಿಗೆ’. ಹೆಸಿಯಡ್‌ನ ಪದ ‘ಪಿಥೋಸ್’: ಧಾನ್ಯ, ಎಣ್ಣೆ, ದ್ರಾಕ್ಷಾರಸಗಳನ್ನು ತುಂಬಿಡುವ ದೊಡ್ಡ ಮಣ್ಣಿನ ಪಾತ್ರೆ. ಎರಾಸ್ಮಸ್ 1508ರ ತನ್ನ ಗಾದೆಗಳ ಸಂಕಲನದಲ್ಲಿ ಇದರ ಸ್ಥಾನದಲ್ಲಿ ‘ಪಿಕ್ಸಿಸ್’, ಎಂದರೆ ಕರಡಿಗೆ, ಎಂಬುದನ್ನು ಬಳಸಿದನು. ಯುರೋಪಿನ ಭಾಷೆಗಳಲ್ಲಿ ಅದೇ ನೆಲೆನಿಂತುದನ್ನು ಡೋರಾ ಮತ್ತು ಎರ್ವಿನ್ ಪನೋಫ್‌ಸ್ಕಿ 1956ರ ತಮ್ಮ ಗ್ರಂಥದಲ್ಲಿ ತೋರಿಸಿದ್ದಾರೆ.

ಈ ಪಲ್ಲಟದಿಂದ ಅರ್ಥಹಾನಿಯಾಗಿದೆ. ಕೇಡುಗಳೆಲ್ಲ ಹೊರಹಾರಿದ ಮೇಲೆ ಪಾತ್ರೆಯ ಅಂಚಿನ ಕೆಳಗೆ ‘ಎಲ್ಪಿಸ್’ ಮಾತ್ರ ಉಳಿಯುತ್ತದೆ. ಇದನ್ನು ಸಾಮಾನ್ಯವಾಗಿ ‘ಆಶೆ’ ಎನ್ನುವುದುಂಟು. ಆದರೆ ಪ್ಲೇಟೊ ‘ನಿಯಮಗಳು’ ಕೃತಿಯಲ್ಲಿ ಭಯವನ್ನೂ ಎಲ್ಪಿಸ್‌ನ ಒಂದು ಬಗೆಯೆಂದೇ ಎಣಿಸುತ್ತಾನೆ. ಆದ್ದರಿಂದ ‘ನಿರೀಕ್ಷೆ’ ಹೆಚ್ಚು ಸಮೀಪದ ಪದ. ಅದು ಒಳಗುಳಿದುದು ಮನುಷ್ಯನ ಪಾಲಿಗೆ ಕಾದಿಟ್ಟಂತೆಯೋ, ದಕ್ಕದಂತೆ ಬಂಧಿಸಿದಂತೆಯೋ? ಕಾಳು ಕೂಡಿಡುವ ಪಾತ್ರೆಯೆಂದು ತಿಳಿದಾಗ ಮಾತ್ರ ಈ ಪ್ರಶ್ನೆ ತೀಕ್ಷ್ಣವಾಗುತ್ತದೆ. ಒಡವೆಯ ಕರಡಿಗೆಯಲ್ಲಿ ಅದು ಮಸುಕಾಗುತ್ತದೆ.

ರೂಢಿಯ ನುಡಿಗಟ್ಟನ್ನು ಬದಲಿಸಬೇಕಾಗಿಲ್ಲ. ಆದರೆ ಹೆಸಿಯಡ್‌ನನ್ನು ಕನ್ನಡಿಸುವಾಗ, ಪಾಠ ಹೇಳುವಾಗ, ‘ಪೆಟ್ಟಿಗೆ’ಗಿಂತ ನಮ್ಮ ‘ವಾಡೆ’ಯೇ ಮೂಲಕ್ಕೆ ನಿಷ್ಠವಾದುದು.